ಸಣ್ಣರಂಗಯ್ಯನ ಮೇಲಿನ ವಾರಂಟು

ನವೆಂಬರ್ ಹದಿನೇಳು, ಸೋಮವಾರ. ಬೆಳಿಗ್ಗೆ ಹತ್ತು ಹತ್ತಕ್ಕೆ ಸುನಿತಾ ಠಾಣೆಗೆ ಬಂದಳು. ಕೂತುಕೊಳ್ಳಿ ಎಂದರೂ ಕೂರಲಿಲ್ಲ. ಅರ್ಜಿಯನ್ನು ಪಿಎಸ್‌ಐ ವನಜಾಕ್ಷಿಯ ಮೇಜಿನ ಮೇಲಿಟ್ಟಳು.

"ಹೈಕೋರ್ಟು ವಾರಂಟ್ ಕೊಟ್ಟು ತಿಂಗಳಾಯ್ತು ಮೇಡಂ. ನಮ್ ಮಾವನ್ನ ಯಾವಾಗ ಹಿಡೀತೀರ?"

ಸುನಿತಾಳ ಗಂಡ ಲಕ್ಷ್ಮೀಪತಿ ನಾಲ್ಕು ವರ್ಷದ ಹಿಂದೆ ಶಿರಾ ರಸ್ತೆಯಲ್ಲಿ ಟ್ಯಾಂಕರ್ ಬಡಿದು ಸತ್ತಿದ್ದ. ಬಂದ ಪರಿಹಾರದಲ್ಲಿ ಮಗಳು ಹಂಸಿಕಾಳ ಪಾಲಿನ ಆರು ಲಕ್ಷವನ್ನು ಮಾವ ಸಣ್ಣರಂಗಯ್ಯ, ಸೊಸೆಯಿಂದ ಸಹಿ ಹಾಕಿಸಿಕೊಂಡು ತನ್ನ ಖಾತೆಗೆ ಹಾಕಿಕೊಂಡ. ಅವಳು ಮಗುವನ್ನು ಕರೆದುಕೊಂಡು ಪಾವಗಡದ ತವರಿಗೆ ಹೋಗಿ ಹೈಕೋರ್ಟಿನ ಮೆಟ್ಟಿಲು ಹತ್ತಿದಳು. ಎಂಟು ವಾರದಲ್ಲಿ ಮೊಮ್ಮಗಳ ಹೆಸರಿಗೆ ಠೇವಣಿ ಇಡುತ್ತೇನೆಂದು ಅವನು ಮುಚ್ಚಳಿಕೆ ಬರೆದುಕೊಟ್ಟ. ಇಡಲಿಲ್ಲ. ನ್ಯಾಯಾಂಗ ನಿಂದನೆ ಪ್ರಕರಣವಾಯಿತು. ಈಗ ಜಾಮೀನುರಹಿತ ವಾರಂಟು. ಗುರುವಾರ ಹತ್ತೂವರೆಗೆ ಅವನು ನ್ಯಾಯಮೂರ್ತಿಗಳ ಮುಂದಿರಬೇಕು.

ಹೊಸದಾಗಿ ಎಫ್‌ಐಆರ್ ಹಾಕುವಂಥದ್ದೇನಿರಲಿಲ್ಲ. ವನಜಾಕ್ಷಿ ಅರ್ಜಿಗೆ ಹಿಂಬರಹ ಕೊಟ್ಟು ಕಳಿಸಿದಳು.

ಕೊಳಾಲದ ಹತ್ತಿರದ ಅವನ ಮನೆಗೆ ಬೀಗ. ಫೋನು ಸ್ವಿಚ್ ಆಫ್. ಸಂಜೆ ನಾಲ್ಕಕ್ಕೆ ಹೆಡ್ ಕಾನ್‌ಸ್ಟೇಬಲ್ ನಾಗಭೂಷಣ್ ಶಿರಾ ಕಡೆಯ ತಾವರೆಕೆರೆಯಿಂದ ಫೋನು ಮಾಡಿದ.

"ಅವನ ತಂಗಿ ಮನೇಲಿ ವಿಚಾರಿಸ್ದೆ ಮೇಡಂ. ಹತ್ತು ದಿನದ ಹಿಂದೆ ಬಂದಿದ್ನಂತೆ. ಒಂದೊತ್ತು ಉಂಡು ಎದ್ದೋದ್ನಂತೆ."

"ಎಲ್ಲಿಗೆ?"

"ಹೇಳಿಲ್ಲ."

ಮಂಗಳವಾರ ಬ್ಯಾಂಕಿನಿಂದ ಬಂದ ಉತ್ತರ ವನಜಾಕ್ಷಿಯ ತಲೆ ಕೆಡಿಸಿತು. ಆರು ಲಕ್ಷವೂ ಖಾತೆಯಲ್ಲೇ ಇತ್ತು. ದುಡ್ಡು ತಿಂದವನು ಓಡಿಹೋಗುವುದು ಸರಿ, ಇವನಿಗೇನು ಬಂತು? ಡಿವೈಎಸ್‌ಪಿ ಕಚೇರಿಯಿಂದ ಎರಡು ಸಲ ಫೋನು ಬಂತು. ತರಿಸಿದ ಕಾಫಿ ಆರಿ ತಣ್ಣಗಾಯಿತು. ಕುರ್ಚಿಯಲ್ಲಿ ಕೂರಲಾರದೆ, ಅರ್ಜಿಯ ಜತೆಗಿದ್ದ ಕೋರ್ಟಿನ ಆರ್ಡರ್ ಶೀಟನ್ನು ನಿಂತೇ ಓದತೊಡಗಿದಳು.

ಮೇ ತಿಂಗಳವರೆಗಿನ ಏಳು ವಾಯಿದೆಗೂ ಆರೋಪಿ ಹಾಜರು. ಒಂದನ್ನೂ ತಪ್ಪಿಸಿಲ್ಲ. ಜೂನ್‌ನಿಂದ ಈಚೆಗೆ ಒಂದಕ್ಕೂ ಬಂದಿಲ್ಲ.

ತಕ್ಷಣ ಸುನಿತಾಳಿಗೆ ಫೋನು ಮಾಡಿದಳು.

"ಜೂನಲ್ಲಿ ಏನಾಯ್ತಮ್ಮ? ಜಗಳ ಏನಾದ್ರೂ?"

"ಏನೂ ಇಲ್ಲ ಮೇಡಂ. ಪಾಪುನ ಒಂದ್ನೇ ಕ್ಲಾಸಿಗೆ ಸೇರಿಸ್ದೆ, ಅಷ್ಟೆ. ಅಲ್ಲೀಗಂಟ ಕೋರ್ಟಿಗೆ ಜತೇಲೇ ಕರ್ಕಂಡೋಯ್ತಿದ್ದೆ. ಆಮೇಲೆ ಒಬ್ಳೇ."

"ಯಾವ ಶಾಲೆ?"

ಬುಧವಾರ ಮಧ್ಯಾಹ್ನ ಮೂರೂಕಾಲಿಗೆ, ಮಕ್ಕಳು ಹೆದರದಿರಲಿ ಎಂದು ಸಮವಸ್ತ್ರ ಬಿಟ್ಟು ಸೀರೆಯುಟ್ಟು ಬಂದಿದ್ದ ವನಜಾಕ್ಷಿ, ಪಾವಗಡದ ಆ ಶಾಲೆಯೆದುರಿನ ಪಂಕ್ಚರ್ ಅಂಗಡಿಯಲ್ಲಿ ಫೋಟೋ ತೋರಿಸಿದಳು.

"ಈ ತಾತಾನಾ? ರೋಜೂ ವಸ್ತಾಡು ಮೇಡಂ," ಎಂದ ಅಂಗಡಿಯವನು. "ದಿನಾ ಮೂರೂವರೆಗೆ ಬಂದು ಆ ಬೇವಿನ ಮರದ ಕೆಳಗೆ ಕುಂತ್ಕಂತಾನೆ. ಯಾರ ತಂಟೆಗೂ ಹೋಗಲ್ಲ."

ಹೇಳಿದ ಹೊತ್ತಿಗೇ ಸಣ್ಣರಂಗಯ್ಯ ಬಂದು ಮರದ ಕೆಳಗೆ ಕೂತ. ಒಣಗಿದ ಮೈಯ ಎತ್ತರದ ಮುದುಕ; ಕಂಕುಳಲ್ಲಿ ಬಟ್ಟೆ ಚೀಲ. ನಾಗಭೂಷಣ್ ಹಿಂದಿನಿಂದ ಬಂದು ನಿಂತ. ವನಜಾಕ್ಷಿ ವಾರಂಟು ತೋರಿಸಿದಳು.

"ದುಡ್ಡು ಬ್ಯಾಂಕಲ್ಲೇ ಇದೆ. ಯಾಕೆ ಕಟ್ಟಲಿಲ್ಲ?"

"ಕಟ್ಬುಟ್ರೆ ಕೇಸು ಮುಗ್ದೋಯ್ತದೆ ಕಣಮ್ಮ. ವಾಯ್ದೆ ದಿನ ಮೊಮ್ಮಗ್ಳು ಬರೋದು. ಬೆಂಚಲ್ಲಿ ನನ್ ಪಕ್ಕಕ್ಕೆ ಬಂದು ಕುಂತ್ಕಳೋದು. ಅದು ಬರೋದು ನಿಂತ್ಮೇಲೆ ನಾನೂ ಹೋಗ್ಲಿಲ್ಲ. ಕೇಸಿಲ್ದಿದ್ರೆ ನಾನ್ಯಾರು ಅವ್ರಿಗೆ?"

"ಮೊದಲಿಗೆ ತಗೊಂಡಿದ್ದು ಯಾಕೆ?"

"ಕೈಗೆ ಕಾಸು ಬಂದ್ರೆ ತವರಿಗೆ ಹೊಂಟೋಯ್ತಾಳೆ ಅಂದ್ಕಂಡೆ. ಅದ್ಕೇ ಇಟ್ಕಂಡೆ." ಅವನ ದನಿ ಇಳಿಯಿತು. "ಇಟ್ಕಂಡಿದ್ಕೇ ಹೊಂಟೋದ್ಲು."

"ಎದ್ದೇಳಿ, ಹೋಗೋಣ."

"ಬೆಲ್ ಹೊಡ್ಯೋ ಹೊತ್ತಾಯ್ತು. ಒಸಿ ನಿಲ್ಲಮ್ಮ."

ವನಜಾಕ್ಷಿ ಗಡಿಯಾರ ನೋಡಿದಳು. ಜೀಪು ಮರೆಗೆ ಹಾಕು ಎಂದು ನಾಗಭೂಷಣನಿಗೆ ಸನ್ನೆ ಮಾಡಿದಳು.

ನಾಲ್ಕು ಹದಿನೈದಕ್ಕೆ ಗೇಟು ತೆರೆಯಿತು. ಕೆಂಪು ರಿಬ್ಬನ್ನಿನ ಹುಡುಗಿಯೊಂದು ಗೆಳತಿಯೊಂದಿಗೆ ಏನೋ ವಾದ ಮಾಡುತ್ತ ಬಂದು ಆಟೋ ಹತ್ತಿತು. ಮುದುಕ ಅರ್ಧ ಎದ್ದವನು ಮತ್ತೆ ಕೂತ.

"ಕೂಗಲ್ವಾ?"

"ಕೂಗಿದ್ರೆ ಅವ್ರಮ್ಮಂಗೆ ಹೇಳ್ಬುಡ್ತದೆ. ನಾಳೆಯಿಂದ ಇದೂ ಇರಲ್ಲ."

ಆಟೋ ತಿರುವು ದಾಟಿತು. ನಾಲ್ಕು ಮೂವತ್ತೈದಕ್ಕೆ ಜೀಪಿನ ಬಾನೆಟ್ ಮೇಲೆ ಬಂಧನ ಪತ್ರ ಬರೆದರು. ಅಂಗಶೋಧನೆಯಲ್ಲಿ ಒಂದು ಪಾಸ್‌ಬುಕ್ಕು, ಸಕ್ಕರೆ ಕಾಯಿಲೆಯ ಮಾತ್ರೆ, ನಲವತ್ತು ರೂಪಾಯಿ ಸಿಕ್ಕವು.

"ಬಂಧನದ ವಿಷಯ ಯಾರಿಗೆ ತಿಳಿಸ್ಬೇಕು?"

ಅವನು ಬಟ್ಟೆ ಚೀಲವನ್ನು ಮತ್ತೆ ಕಂಕುಳಿಗೆ ಸಿಕ್ಕಿಸಿಕೊಂಡ.

"ಇನ್ಯಾರವ್ರೆ? ಸುನಿತಂಗೇ ಹೇಳಿ."

ದೂರುದಾರಳ ಹೆಸರನ್ನೇ ಬರೆಯುವುದೇ ಎಂಬಂತೆ ನಾಗಭೂಷಣ್ ಮುಖ ನೋಡಿದ. ವನಜಾಕ್ಷಿ ಬರಿ ಎಂದಳು. ತಾನೇ ಫೋನು ಹಚ್ಚಿದಳು. ಎಲ್ಲಿ ಸಿಕ್ಕ, ಯಾಕೆ ಅಲ್ಲಿದ್ದ, ಎರಡನ್ನೂ ಹೇಳಿದಳು.

"ನಾಳೆ ಎಷ್ಟೊತ್ತಿಗೆ ಮೇಡಂ ಕೋರ್ಟು?"

"ಹತ್ತೂವರೆ."

"ಪಾಪುಗೆ ಸ್ಕೂಲಿಗೆ ರಜ ಹೇಳ್ತೀನಿ," ಎಂದಳು ಸುನಿತಾ.