ಕೆಂಪು ಗಾಜಿನಾಚೆ

"ಕತ್ತೆತ್ತಿ. ಹಾಗೇ ಇರಿ... ಉಸಿರೂ ಬೇಡ."

ಛಾಯಾಗ್ರಾಹಕ ಫರ್ಮಿನ್ ಓಲ್ವೆರಾ ಮೇಕಪ್ಪಿನ ಎಲಾದಿಯಾಳಿಗೆ ಹೇಳಿದ ಮೊದಲ ಮಾತು ಅದು. ಮೆಕ್ಸಿಕೋದ ಆಪಾಮ್ ಬಯಲಿನ ಕತ್ತಾಳೆ ಹೊಲದಲ್ಲಿ ಸಿನಿಮಾ ಚಿತ್ರೀಕರಣ; ನಾಯಕಿ ಇನ್ನೂ ಬಂದಿರಲಿಲ್ಲ. ಬೆಳಕು ಹೊಂದಿಸಲು ಅವಳ ಜಾಗದಲ್ಲಿ ಎಲಾದಿಯಾ ನಿಂತಿದ್ದಳು.

ಕ್ಯಾಮೆರಾದ ಹಿಂದಿನಿಂದ ಅವನು ಬಹಳ ಹೊತ್ತು ನೋಡಿದ. ಅವಳ ಎದೆ ಡವಗುಟ್ಟಿತು. ಆದರೆ ನಾಯಕಿ ಬಂದೊಡನೆ ಅವನು ಮಾತಿಲ್ಲದೆ ತಿರುಗಿಬಿಟ್ಟ.

'ಗೋಡೆ ನೋಡಿದ ಹಾಗೆ ನೋಡಿದನಲ್ಲ...' ಎಂದುಕೊಳ್ಳುತ್ತಲೇ ಅವಳು ನಾಯಕಿಯ ತುಟಿಗೆ ಎಂದಿನ ಕೆಂಪು ಹಚ್ಚಿದಳು.

ವಾರ ಕಳೆದು ಮೆಕ್ಸಿಕೋ ನಗರದ ಸ್ಟುಡಿಯೋದಲ್ಲಿ ಆ ಕಪ್ಪು-ಬಿಳುಪು ಫಿಲ್ಮ್ ಓಡಿಸಿದರು. ಕಾರ್ಗಪ್ಪು ಆಕಾಶ, ಹತ್ತಿಯಂಥ ಮೋಡ. ಆದರೆ ನಾಯಕಿಗೆ ತುಟಿಗಳೇ ಇರಲಿಲ್ಲ.

ನಿರ್ಮಾಪಕ ದೊನ್ ಹಿಲಾರಿಯೋ ದೀಪ ಹಾಕಿಸಿ ಎಲಾದಿಯಾಳತ್ತ ತಿರುಗಿದರು. "ಸತ್ತವರ ಹಬ್ಬ ನವೆಂಬರಿಗೆ ಕಣಮ್ಮ. ಈಗಲೇ ಹೆಣದ ಸಿಂಗಾರ ಯಾಕೆ ಮಾಡಿದೆ? ನಾಳೆಯಿಂದ ಬರಬೇಡ."

ಯಾರೋ ಕಿಸಕ್ಕನೆ ನಕ್ಕರು. ಈ ಕೋಣೆಯಿಂದ ಹೀಗೆ ಹೊರಬಿದ್ದವಳಿಗೆ ನಗರದ ಯಾವ ಸ್ಟುಡಿಯೋದಲ್ಲೂ ಕೆಲಸ ಸಿಗದು.

ಆ ಆಕಾಶ ಅಷ್ಟು ಕಪ್ಪಾದದ್ದು ಹೇಗೆ...? ಅವಳಿಗೆ ಥಟ್ಟನೆ ಹೊಳೆಯಿತು. ಲೆನ್ಸಿಗೆ ಕೆಂಪು ಗಾಜು ಹಾಕಿದರೆ ನೀಲಿ ಕಪ್ಪಾಗುತ್ತದೆ, ಕೆಂಪು ಬಿಳಿಚಿಕೊಳ್ಳುತ್ತದೆ. ಅಂಥ ದಿನ ತುಟಿಗೆ ಕಂದು ಬಣ್ಣ ಹಚ್ಚಬೇಕು. ಮೊದಲೇ ತಿಳಿಸಬೇಕಾದವನು ಛಾಯಾಗ್ರಾಹಕ.

ಫರ್ಮಿನ್ ತಿಳಿಸಿರಲಿಲ್ಲ.

ಅವನಿಗಿದು ಸ್ವಂತ ಹೊಣೆಯ ಮೊದಲ ಸಿನಿಮಾ. ತಲೆ ತಗ್ಗಿಸಿ ಕುಳಿತಿದ್ದ. 'ಬಾಯಿ ಬಿಡುವವನಲ್ಲ ಇವನು. ನಾನು ಹೇಳಿದರೆ ನಂಬುವವರಾದರೂ ಯಾರು?' ಅವಳು ಬಣ್ಣದ ಪೆಟ್ಟಿಗೆ ಎತ್ತಿಕೊಂಡು ಬಾಗಿಲವರೆಗೆ ಹೋದಳು.

"ತಪ್ಪು ನಂದು, ದೊನ್ ಹಿಲಾರಿಯೋ." ಫರ್ಮಿನ್ ಎದ್ದು ನಿಂತಿದ್ದ. "ಕೆಂಪು ಗಾಜು ಹಾಕಿದ್ದೆ. ಅವರಿಗೆ ಹೇಳ್ಲಿಲ್ಲ."

ದೃಶ್ಯಗಳನ್ನೆಲ್ಲ ಮತ್ತೆ ತೆಗೆಯುವುದು, ಬೇರೆ ಛಾಯಾಗ್ರಾಹಕನನ್ನು ಕರೆಸುವುದು ಎಂದು ಅಲ್ಲೇ ತೀರ್ಮಾನವಾಯಿತು. ಎಲಾದಿಯಾಳ ಕೆಲಸ ಉಳಿಯಿತು.

ಅಂಗಳದಲ್ಲಿ ಅವಳು ಅವನನ್ನು ಅಡ್ಡಗಟ್ಟಿದಳು. "ಇಷ್ಟು ತಿಳಿದವರು ಅದನ್ನ ಹೇಗೆ ಮರೆತ್ರಿ?"

"ಆ ಗಾಜು ಹಾಕಿ ನಿಮ್ಮನ್ನ ನೋಡ್ದೆ..." ಅವನು ಟೋಪಿಯನ್ನು ಕೈಯಲ್ಲೇ ತಿರುಗಿಸುತ್ತಿದ್ದ. "ನಾಯಕಿ ಬಂದ್ರು ಅಂದಾಗ ಬೇಜಾರಾಯ್ತು. ಮತ್ತೆ ನಿಮ್ಮ ಹತ್ರ ಬಂದು ಮಾತಾಡೋಕೆ ಧೈರ್ಯ ಸಾಲ್ಲಿಲ್ಲ."

ಬೈಯಲೆಂದೇ ಬಂದಿದ್ದಳು. ಅಡ್ಡಗಟ್ಟಿದ್ದ ದಾರಿ ಬಿಟ್ಟು ಅವನ ಪಕ್ಕಕ್ಕೆ ಬಂದು ನಿಂತಳು.

"ನನಗೀಗ ಕೆಲಸವೂ ಇಲ್ಲ, ಎಲಾದಿಯಾ."

"ನನಗಿದೆಯಲ್ಲ. ಬನ್ನಿ, ಅಮ್ಮ ಜೋಳದ ತಮಾಲೆ ಬೇಯಿಸಿರ್ತಾರೆ. ಮನಸ್ಸಲ್ಲಿರೋದನ್ನ ಅವರೆದುರಿಗೇ ಹೇಳಿ."

"ಅವರೆದುರಿಗಾ...?"

"ದಾರಿ ಉದ್ದ ಇದೆ," ಎಂದು ಅವಳು ಅವನ ತೋಳು ಹಿಡಿದಳು. "ಅಲ್ಲೀವರೆಗೂ ನನಗೆ ಹೇಳ್ತಾ ರೂಢಿ ಮಾಡ್ಕೊಳ್ಳಿ."