ಹುಳುವಿನ ಪಾಲು

ವೈಶಾಖದ ಆ ಬೆಳಗ್ಗೆ ಪೊನ್ನವಾಳದ ರಾಜಬೀದಿಗೆ ಪನ್ನೀರು ಚಿಮುಕಿಸಿದ್ದರು. ಹೆಬ್ಬಾಗಿಲಿನಿಂದ ಅರಮನೆಯವರೆಗೆ ಮಾವಿನ ತಳಿರಿನ ತೋರಣ, ಕಂಬಕಂಬಕ್ಕೂ ಹಳದಿ ಪತಾಕೆ, ಆನೆಗಳ ಹಣೆಗೆ ಹೊಸ ಸಿಂಧೂರ. ಭೇರಿಯ ನಾದಕ್ಕೆ ಕೊತ್ತಳದ ಪಾರಿವಾಳಗಳು ಗುಂಪಾಗಿ ಎದ್ದು ಮತ್ತೆ ಅಲ್ಲೇ ಇಳಿಯುತ್ತಿದ್ದವು. ಮಹಾರಾಜ ಕೇತರಸನು ಒಂದೇ ವನದಲ್ಲಿ ಸಾವಿರ ಮಾವಿನ ಸಸಿಗಳನ್ನು ನೆಡಿಸುವ ವ್ರತ ತೊಟ್ಟಿದ್ದನು. ವ್ರತ ಮುಗಿದ ದಿನ ‘ಸಹಸ್ರಾಮ್ರಚಕ್ರವರ್ತಿ’ ಎಂಬ ಬಿರುದು ಅವನ ಹೆಸರಿನ ಮುಂದೆ ಸೇರಲಿತ್ತು. ಬಿರುದನ್ನು ಕೆತ್ತಿದ ಶಾಸನಶಿಲೆ ಶಿಲ್ಪಿಗಳ ಕೇರಿಯಲ್ಲಿ ಆಗಲೇ ಸಿದ್ಧವಾಗಿ ಮಲಗಿತ್ತು. ಸಸಿಗಳನ್ನು ಮಾತ್ರ ಇನ್ನೂ ನೆಟ್ಟಿರಲಿಲ್ಲ.

ಪನ್ನೀರಿನ ಕಂಪಿನ ಅಡಿಯಲ್ಲಿ ಇನ್ನೊಂದು ವಾಸನೆಯಿತ್ತು, ಕೊಳೆತ ಹಣ್ಣಿನದು. ಅದು ಉದ್ಯಾನಾಧ್ಯಕ್ಷ ಬಾಚಣನ ಮೂಗಿಗೆ ಮಾತ್ರ ಬಡಿದಂತಿತ್ತು. ಉಳಿದವರ ಮೂಗುಗಳು ಅರಮನೆಯ ಸೇವೆಯಲ್ಲಿ ಪಳಗಿದ್ದವು.

ಬಾಚಣ ಮೊದಲು ತೋಟದವನಲ್ಲ, ದಳಪತಿ. ಹನ್ನೆರಡು ವರ್ಷಗಳ ಹಿಂದೆ, ಹೊಳೆ ದಾಟುವ ಕಡವಿನಲ್ಲಿ ಶತ್ರುವನ್ನು ತಡೆದ ಕಾಳಗದಲ್ಲಿ, ಅವನ ತುಕಡಿಯ ಬಹುಪಾಲು ಅಲ್ಲೇ ಮಲಗಿತು. ಅವನೊಬ್ಬ ಕುಂಟುತ್ತ ಮರಳಿದ. ಕೇತರಸನ ತಂದೆ, ಹಿರಿಯ ಮಹಾರಾಜರು, ಕೋಟೆಗೂ ಹೊಳೆಗೂ ನಡುವಿನ ನೆಲವನ್ನು ಸತ್ತವರ ಕುಟುಂಬಗಳಿಗೆ ನೆತ್ತರುಕೊಡಗೆಯಾಗಿ, ಚೆಲ್ಲಿದ ರಕ್ತದ ಋಣಕ್ಕಾಗಿ, ಬಿಟ್ಟುಕೊಟ್ಟು, ಸದ್ಯದ ಹೊಟ್ಟೆಪಾಡಿಗೆ ಅರಮನೆಯ ಧಾನ್ಯವನ್ನೂ ಗೊತ್ತುಮಾಡಿದರು. ಆಮೇಲೆ ಬಾಚಣನನ್ನು ಕರೆಸಿದರು.

“ಆ ನೆಲದಲ್ಲಿ ಮಾವು ಬೆಳೆಯಬೇಕು. ಮರಕ್ಕೂ ಮರಕ್ಕೂ ಎಷ್ಟು ಅಂತರವಿಟ್ಟರೆ ಅವರ ಮಕ್ಕಳ ಹೊಟ್ಟೆ ಹೆಚ್ಚು ತುಂಬುತ್ತದೆಂದು ನೀನು ಕಂಡುಹಿಡಿ. ಅವರನ್ನು ಕಡವಿಗೆ ಕರೆದೊಯ್ದವನು ನೀನು.”

ಅರಮನೆಯ ಹಿಂದೆ ಬಾಚಣ ನೆಟ್ಟ ತೋಟ ಗಾಲಿಯಂತಿತ್ತು. ನಡುವಿನಿಂದ ಹೊರಟ ಸಾಲುಗಳು ಅರಗಳಂತೆ ಹೊರಕ್ಕೆ ಹರಡಿದ್ದವು. ಒಳಗಿನ ಸುತ್ತಿನಲ್ಲಿ ಮರಗಳು ಮೈಗೆ ಮೈ ಉಜ್ಜುತ್ತಿದ್ದವು. ಸುತ್ತು ಹೊರಗೆ ಸರಿದಂತೆ ಅಂತರ ಹಿಗ್ಗಿ, ಕಟ್ಟಕಡೆಯ ಸುತ್ತಿನಲ್ಲಿ ಎರಡು ಮರಗಳ ನಡುವೆ ಆನೆಗಳ ಸಾಲು ಹಾಯಬಹುದಾಗಿತ್ತು. ಒಂದೇ ಮಣ್ಣು, ಒಂದೇ ಬಾವಿಯ ನೀರು, ಒಂದೇ ತಾಯಿಮರದ ಸಸಿಗಳು. ಬೇರೆಯಾದದ್ದು ಅಂತರವೊಂದೇ. ಒಳಗಿನ ಮರಗಳು ಬೆಳಕಿಗಾಗಿ ಕತ್ತು ಚಾಚಿ ಎಲೆ ಮಾತ್ರ ಬಿಟ್ಟವು. ಅಂಚಿನವು ಕೊಂಬೆ ಮುರಿಯುವಷ್ಟು ಕಾಯಿ ಹೊತ್ತವು, ಆದರೆ ಅಲ್ಲಿ ನೆಲ ಸುಮ್ಮನೆ ಬಿಸಿಲು ಕಾಯುತ್ತ ಬಿದ್ದಿತ್ತು. ಬಾಚಣ ಮರಕ್ಕೆಷ್ಟು ಹಣ್ಣು ಎಂದು ಕೇಳಲಿಲ್ಲ. ನೆಲಕ್ಕೆಷ್ಟು ಎಂದು ಕೇಳಿದ. ಉತ್ತರ ಐದನೆಯ ಸುತ್ತಿನಲ್ಲಿತ್ತು. ಅಲ್ಲಿ ಕೊಂಬೆಗಳು ಒಂದನ್ನೊಂದು ಕಾಣುತ್ತಿದ್ದವು, ಮುಟ್ಟುತ್ತಿರಲಿಲ್ಲ.

ಆ ಅಂತರದಲ್ಲಿ ನೆಟ್ಟರೆ ನೆತ್ತರುಕೊಡಗೆಯ ನೆಲ ಐನೂರು ಮರಗಳನ್ನಷ್ಟೇ ಹಿಡಿಯುತ್ತಿತ್ತು.

ಮಹಾಪ್ರಧಾನ ಮಾದಿಮಯ್ಯನಿಗೆ ಅದೇ ನೆಲದಲ್ಲಿ ಸಾವಿರವೇ ಬೇಕಿತ್ತು. ವ್ರತದ ಮಾತನ್ನು ರಾಜನ ಕಿವಿಗೆ ಹಾಕಿದವನು ಅವನೇ. ಸಸಿ ನೆಟ್ಟ ಹತ್ತನೆಯ ವರ್ಷಕ್ಕೆ ಕುಟುಂಬಗಳಿಗೆ ಅರಮನೆಯ ಧಾನ್ಯ ನಿಲ್ಲಬೇಕು, ಅನಂತರ ಮೂರು ವರ್ಷ ತೋಟ ಫಲಿಸದಿದ್ದರೆ ನೆಲ ಮಹಾಪ್ರಧಾನರ ವಶವಾಗಬೇಕು ಎಂದು ಶಾಸನದಲ್ಲಿ ಸೇರಿಸಿದವನೂ ಅವನೇ. ಕೊನೆಯ ಸಾಲು ಎಲ್ಲ ಶಾಸನಗಳಲ್ಲಿರುವ ಶಾಪ: ಈ ವನದ ಮರ ಕಡಿದವನು ಅರವತ್ತು ಸಾವಿರ ವರ್ಷ ಅಮೇಧ್ಯದಲ್ಲಿ ಹುಳುವಾಗಿ ಹುಟ್ಟುವನು. ಒತ್ತಾಗಿ ನೆಟ್ಟುಬಿಟ್ಟರೆ ಮುಂದೆ ಯಾರೂ ತೆಳುವಾಗಿಸುವಂತಿರಲಿಲ್ಲ.

“ಗಾಲಿತೋಟವನ್ನು ಕಣ್ಣಾರೆ ಕಂಡು ಅಂತರವನ್ನು ನಿರ್ಧರಿಸುತ್ತೇವೆ” ಎಂದಿದ್ದ ಕೇತರಸ, ಆ ಬೆಳಗ್ಗೆ ಪರಿವಾರಸಮೇತ ಬಂದ. ಬಾಚಣ ಬಾಗಿಲಲ್ಲೇ ನಿಂತುಬಿಟ್ಟ. ಮಾದಿಮಯ್ಯನ ಆಳುಗಳು ಸಿಂಗಾರಕ್ಕೆಂದು ಹತ್ತು ದಿನ ತೋಟವನ್ನು ಮುಚ್ಚುವ ಮೊದಲು ಬರಿ ಎಲೆಯಿದ್ದ ಒಳಸುತ್ತಿನ ಮರಗಳಲ್ಲಿ ಹಳದಿ ಹಣ್ಣು ಜೋತಾಡುತ್ತಿತ್ತು. ಐದನೆಯ ಸುತ್ತಿನ ಕೆಳಗೊಂಬೆಗಳು ಬೋಳಾಗಿದ್ದವು. ಹಣ್ಣುಗಳ ಸುತ್ತ ನೊಣಗಳ ಮೋಡ.

“ನೋಡಬೇಕು ಪ್ರಭು! ಒತ್ತಾಗಿದ್ದಷ್ಟೂ ಒಲವು, ಒಲವಿದ್ದಷ್ಟೂ ಫಲ” ಎಂದ ಮಾದಿಮಯ್ಯ. “ನಮ್ಮ ದಳಪತಿಗಳು ಮರಗಳನ್ನೂ ಪಹರೆಗೆ ನಿಲ್ಲಿಸುತ್ತಾರೆ, ಪಾಪ, ಹಳೆಯ ಅಭ್ಯಾಸ.”

ಪರಿವಾರ ನಕ್ಕಿತು. ಹಣ್ಣು ಹಂಚಿದರು. ಆಸ್ಥಾನದ ಹಿರಿಯ ಪಂಡಿತರು ಒಂದನ್ನು ಕಚ್ಚಿದರು; ಕಚ್ಚಿದ ಅಂಚಿನಲ್ಲಿ ಬಿಳಿಯ ಹುಳುವೊಂದು ತಲೆಯೆತ್ತಿತು. ಪಂಡಿತರು ಅದನ್ನು ಕಂಡರು. ರಾಜ ತಮ್ಮತ್ತ ನೋಡುತ್ತಿರುವುದನ್ನೂ ಕಂಡರು. ಕಣ್ಣು ಮುಚ್ಚಿ ಹುಳುಸಹಿತ ಬಾಯಿಗೆ ತುಂಬಿಕೊಂಡು, “ಅಮೃತ, ಮಹಾಪ್ರಭು, ಅಮೃತ!” ಎಂದರು.

ಬಾಚಣ ಮುಖ ತಿರುಗಿಸಿದ. ಕಡವಿನ ಕೆಸರಿನಲ್ಲಿ ಗೆಳೆಯರ ಕರುಳು ಕಂಡಾಗಲೂ ಅವನು ಹಾಗೆ ಮಾಡಿರಲಿಲ್ಲ.

“ಅಪ್ಪಣೆಯಾದರೆ ಎರಡು ಕಾಯಿ ಕೀಳುತ್ತೇನೆ, ಪ್ರಭು” ಎಂದ. ಕಾವಲುಭಟನ ಈಟಿ ಪಡೆದು ಐದನೆಯ ಸುತ್ತಿನ ತುದಿಗೊಂಬೆಯನ್ನು ಬಾಗಿಸಿ, ಕಳ್ಳರ ಕೈಗೆಟುಕದೆ ಉಳಿದಿದ್ದ ಒಂದನ್ನು ಕಿತ್ತ. ತೊಟ್ಟಿನಿಂದ ಸೊನೆ ಚಿಮ್ಮಿ ಅವನ ಮುಂಗೈ ಸುಟ್ಟಿತು. ಒಳಸುತ್ತಿಗೆ ಹೋಗಿ ಇನ್ನೊಂದನ್ನು ಎಳೆದ. ಸೊನೆಯ ಹನಿಯಿಲ್ಲ, ಕೈಗೆ ಬಂದದ್ದು ಒಣಗಿದ ತೊಟ್ಟು, ಅದಕ್ಕೆ ಬಿಗಿದ ಬಾಳೆಯ ನಾರು.

ಕೇತರಸ ಹತ್ತಿರ ಬಂದು ದನಿ ತಗ್ಗಿಸಿದ.

“ನಾರು ನನಗೂ ಕಂಡಿತ್ತು, ಬಾಚಣ. ಎಲ್ಲರೆದುರು ಕೀಳಬೇಕಾಗಿತ್ತೇ? ಕಲ್ಲು ಕೆತ್ತಿ ಆಗಿದೆ.”

ಸಾವಿರ ಸಸಿಗಳನ್ನು ಒತ್ತೊತ್ತಾಗಿ ನೆಟ್ಟರು. ಕಲ್ಲು ನಿಂತಿತು. ಬಾಚಣನ ಅಧಿಕಾರ ಹೋಯಿತು.

ವರ್ಷಗಳು ಕಳೆದವು. ಧಾನ್ಯ ನಿಂತು ಎರಡು ವೈಶಾಖ ಬರಿದಾಗಿ ಹೋದ ಮೇಲೆ, ಅವನು ಆ ವನಕ್ಕೆ ಕಾಲಿಟ್ಟ. ಹಗಲಲ್ಲೂ ಕತ್ತಲೆ. ಎಲೆಗಳ ಮೇಲೆ ಮಸಿಯಂಥ ಬೂಷ್ಟು, ಕೊಂಬೆಗಳಿಂದ ಜಿಗಿಹುಳುಗಳ ಅಂಟು ತೊಟ್ಟಿಕ್ಕಿ ತಲೆಗೂದಲಿಗೆ ಮೆತ್ತುತ್ತಿತ್ತು. ನೆಲ ಒದ್ದೆ ಚರ್ಮದಂತೆ ನಾರುತ್ತಿತ್ತು. ಒಂದು ಹಣ್ಣಿಲ್ಲ.

“ಬನ್ನಿ ದಳಪತಿಗಳೇ” ಎಂದಳು ಹೊನ್ನವ್ವೆ. ಅವಳ ಗಂಡ ಕಡವಿನಲ್ಲಿ ಬಾಚಣನ ಬಲಕ್ಕೆ ನಿಂತು ಸತ್ತವನು. “ಉಣ್ಣಲು ಬೇರೇನೂ ಇಲ್ಲ, ನೆರಳು ಬೇಕಾದಷ್ಟಿದೆ. ಅಟ್ಟು ಬಡಿಸಲೇ?”

“ಮರ ಬಿಟ್ಟು ಮರ ಕಡಿದರೆ ಉಳಿದವು ಫಲಿಸುತ್ತವೆ, ಹೊನ್ನವ್ವೆ.”

“ಗೊತ್ತು. ನನ್ನ ಮಗ ಕೊಡಲಿ ಎತ್ತಿದ್ದ, ನಾನೇ ಕೈ ಹಿಡಿದೆ. ಅಪ್ಪ ವೀರಸ್ವರ್ಗದಲ್ಲಿ ಕೂತಿರುವಾಗ ಮಗ ಹೇಲುಗುಂಡಿಯಲ್ಲಿ ಹರಿದಾಡಲೇ? ಹಸಿವು ಈ ಜನ್ಮದ್ದು. ಸತ್ತರೆ ಮುಗಿಯುತ್ತದೆ.”

“ಆ ಕೊಡಲಿ ಎಲ್ಲಿದೆ?” ಎಂದು ಕೇಳಿದ ಬಾಚಣ.

ಮಳೆಗಾಲ ಮುಗಿದು ರಾಜಪರಿವಾರ ದೂರದ ಕಾಡಿಗೆ ಬೇಟೆಗೆ ಹೋಗಿತ್ತು. ಬಾಚಣ ಹಾಡುಹಗಲೇ ಕಡಿಯತೊಡಗಿದ. ಒಂದು ಮರ ಬಿಟ್ಟು ಒಂದು, ಸಾಲು ತಪ್ಪದೆ. ಬೆಳಕು ಕಾಣದೆ ನೀಳವಾಗಿ ಬೆಳೆದ ಸಣಕಲು ಮರಗಳು ಸುಲಭವಾಗಿ ಉರುಳಿದವು. ಹೊನ್ನವ್ವೆಯ ಮಗ ಕೈ ಜೋಡಿಸಲು ಬಂದಾಗ, “ಇದು ನನ್ನ ಸರದಿ. ದೂರ ನಿಲ್ಲು” ಎಂದು ಗದರಿದ. ಕೊತ್ತಳದ ಪಹರೆಯವರು ಅವನ ಕೈಯಲ್ಲಿ ಪಳಗಿದವರು. ಅವರು ಇಡೀ ತಿಂಗಳು ವನಕ್ಕೆ ಬೆನ್ನು ತಿರುಗಿಸಿ ನಿಂತರು. ಕೊನೆಯ ಮರ ಉರುಳಿದಾಗ ಆ ನೆಲದ ಮೇಲೆ ಹಲವು ವರ್ಷಗಳ ಅನಂತರ ಬಿಸಿಲು ಬಿತ್ತು.

ರಾಜ ಬೇಟೆಯಿಂದ ಮರಳಿದ ದಿನವೇ ವಿಚಾರಣೆ ನಡೆಯಿತು.

“ಒಂದೊಂದು ಮರಕ್ಕೆ ಅರವತ್ತು ಸಾವಿರ ವರ್ಷ, ಬಾಚಣ. ಲೆಕ್ಕ ಹಾಕಿಕೊಂಡೆಯಾ?” ಮಾದಿಮಯ್ಯನ ತುಟಿ ತಾಂಬೂಲದಿಂದ ಒದ್ದೆಯಾಗಿತ್ತು. “ಅಷ್ಟು ಕಾಲ ಅಮೇಧ್ಯದಲ್ಲಿ!”

“ಈ ಆಸ್ಥಾನದಲ್ಲಿ ಇಪ್ಪತ್ತು ವರ್ಷ ಇದ್ದವನು ನಾನು, ಮಹಾಪ್ರಧಾನರೇ. ಆ ವಾಸ ನನಗೆ ಹೊಸದಲ್ಲ.”

ಹಿರಿಯ ಪಂಡಿತರ ಕೈ ತಾನಾಗಿಯೇ ಅವರ ಬಾಯಿಯತ್ತ ಹೋಯಿತು.

ಕೇತರಸನಿಗೆ ತಂದೆಯ ಬಂಟನನ್ನು ಕೊಲ್ಲುವ ಮನಸ್ಸಿರಲಿಲ್ಲ. “ಬುದ್ಧಿಭ್ರಮೆಯಿಂದ ಕಡಿದೆನೆಂದು ಹೇಳು. ಹುಚ್ಚನಿಗೆ ಶಾಪವೂ ತಟ್ಟದು, ಶಿಕ್ಷೆಯೂ ಇಲ್ಲ. ಖಾಲಿಯಾದ ಕಡೆ ಮತ್ತೆ ನೆಡಿಸುತ್ತೇವೆ. ಸಾವಿರ ಸಾವಿರವಾಗಿಯೇ ಉಳಿಯುತ್ತದೆ.”

“ತಿಳಿದೇ ಕಡಿದೆ, ಪ್ರಭು. ನಿಮ್ಮ ತಂದೆಯವರ ಆಜ್ಞೆ ಬಾಕಿಯಿತ್ತು” ಎಂದ ಬಾಚಣ. “ಶಾಪವನ್ನು ಅರಿತೂ ಕಡಿದ ಮರದ ಜಾಗ ಪಾಪಿಯ ಪಾಲು, ಅಲ್ಲಿ ಮತ್ತೆ ನೆಡಬಾರದು ಎಂದು ಶಾಸ್ತ್ರವಿದೆ. ಇದೆಯೋ ಇಲ್ಲವೋ, ಪಂಡಿತರೇ ಹೇಳಲಿ.”

ಸಭೆ ಪಂಡಿತರತ್ತ ತಿರುಗಿತು. ಮಾದಿಮಯ್ಯ ಕಣ್ಣಿನಲ್ಲೇ ಬೇಡವೆಂದ. ಪಂಡಿತರು, ಅಂದು ನುಂಗಿದ್ದನ್ನು ಈಗ ಕಕ್ಕುವವರಂತೆ, ಒಂದೇ ಮಾತು ಹೊರಹಾಕಿದರು.

“ಇದೆ.”

ಅಂದು ಸಂಜೆ, ಅವನ ತುಕಡಿ ಬಿದ್ದ ಅದೇ ಕಡವಿನಲ್ಲಿ, ಬಾಚಣನ ತಲೆ ಉರುಳಿತು.

ಮುಂದಿನ ವೈಶಾಖದಲ್ಲಿ ಉಳಿದ ಐನೂರು ಮರಗಳು ಕಾಯಿ ಬಿಟ್ಟವು. ಅದರ ಮರುವರ್ಷ ಕೊಂಬೆಗಳಿಗೆ ಊರುಗೋಲು ಕೊಡಬೇಕಾಯಿತು. ನೆಲ ಕುಟುಂಬಗಳಲ್ಲೇ ಉಳಿಯಿತು. ರಾಜನ ಬಿರುದು ಕಲ್ಲಿನ ಮೇಲೆ ಹಾಗೆಯೇ ಇತ್ತು. ಮಾದಿಮಯ್ಯ ಮುಪ್ಪಾಗಿ, ಇನ್ನೂ ಎರಡು ಬಿರುದುಗಳನ್ನು ಪಡೆದು, ಹಂಸತೂಲಿಕಾತಲ್ಪದ ಮೇಲೆ ಸತ್ತ.

ಕುಟುಂಬಗಳು ವನದ ನಡುವೆ ಬಾಚಣನಿಗೊಂದು ವೀರಗಲ್ಲು ನಿಲ್ಲಿಸಿದವು. ಅದರಲ್ಲಿ ವೀರನ ಕೈಯಲ್ಲಿ ಕತ್ತಿಯಿಲ್ಲ, ಕೊಡಲಿಯಿದೆ. ಮೇಲಿನ ಅಂಕಣದಲ್ಲಿ ಅಪ್ಸರೆಯರನ್ನು ಕೆತ್ತಲು ಶಿಲ್ಪಿ ಅಂಜಿ ಖಾಲಿ ಬಿಟ್ಟಿದ್ದಾನೆ. ಪ್ರತಿ ವರ್ಷ ಸುಗ್ಗಿಯ ಮೊದಲ ಹಣ್ಣನ್ನು, ಇದ್ದುದರಲ್ಲಿ ಒಳ್ಳೆಯದನ್ನು, ಆ ಕಲ್ಲಿನ ಬುಡದಲ್ಲಿ ಇಡುತ್ತಾರೆ. ಮತ್ತೆ ಅದನ್ನು ಯಾರೂ ಎತ್ತುವುದಿಲ್ಲ. ಅದು ಅಲ್ಲೇ ಕಳಿಯುತ್ತದೆ, ಬಿರಿಯುತ್ತದೆ, ಕೊಳೆಯುತ್ತದೆ.

ಹೊನ್ನವ್ವೆಯ ಮನೆಗೆ ಹೊಸದಾಗಿ ಬಂದ ಸೊಸೆ ಒಮ್ಮೆ ಅದನ್ನು ಕಂಡು ಮುಖ ಕಿವಿಚಿದಳು. ಬಿರಿದ ಹಣ್ಣಿನೊಳಗೆ ಬಿಳಿಯ ಹುಳುಗಳು ಮಿಜಿಗುಡುತ್ತಿದ್ದವು. “ಥೂ, ದೇವರ ಮುಂದೆ ಇದೇನತ್ತೆ!” ಎಂದು ಪೊರಕೆ ತೆಗೆದುಕೊಂಡಳು.

ಹೊನ್ನವ್ವೆ ಅವಳ ಕೈ ಹಿಡಿದಳು.

“ಬಿಡೇ” ಎಂದಳು. “ದಳಪತಿಗಳು ಉಣ್ಣುತ್ತಿದ್ದಾರೆ.”