ಮೂರೂಮುಕ್ಕಾಲರ ಬಸ್ಸು

ಗದಗ–ಮುಂಡರಗಿ ಬಸ್ಸು ನಿಲ್ದಾಣದಲ್ಲಿ ಎಂಜಿನ್ ಚಾಲೂ ಮಾಡಿಕೊಂಡು ನಿಂತಿತ್ತು. ಹೊರಡುವ ಹೊತ್ತು ಮಧ್ಯಾಹ್ನ ಮೂರೂಮುಕ್ಕಾಲು. ಈಗಾಗಲೇ ಐದು ನಿಮಿಷ ಮೇಲಾಗಿತ್ತು. ಬಸ್ಸೇನೂ ನಿಜವಾದದ್ದಲ್ಲ, ಅಂದಾನೆಪ್ಪನ ಗಣಕದ ಪರದೆಯೊಳಗಿನದು. ಆದರೆ ಅದನ್ನು ನೋಡುತ್ತ ಕುಳಿತವರ ಅಂಕೆ ಪರದೆಯ ಬಲಮೂಲೆಯಲ್ಲಿ ಹಸಿರಾಗಿ ಹೊಳೆಯುತ್ತಿತ್ತು: 412. ಅಂಕೆಯ ಕೆಳಗೆ ಮಾತುಗಳು ಒಂದರ ಹಿಂದೊಂದು ಮೂಡಿ ಮೇಲೇರುತ್ತಿದ್ದವು. ‘ಅಂದಾನೆಪ್ಪಣ್ಣ, ಇಂದು ಬಸ್ಸಿನ ಬಣ್ಣ ಬಹಳ ಚೆನ್ನಾಗಿದೆ!’ ‘ನಿಮ್ಮ ದನಿ ಕೇಳುವುದೇ ನಮಗೊಂದು ಸಂತೋಷ.’ ‘ತಡವಾದರೂ ಚಿಂತೆಯಿಲ್ಲ, ನಾವು ಕಾಯುತ್ತೇವೆ.’

ಅಂದಾನೆಪ್ಪನ ಎರಡೂ ಕೈ ಮೇಜಿಗೆ ಬಿಗಿದ ಸ್ಟೀರಿಂಗಿನ ಮೇಲಿದ್ದವು. ಖಾಕಿ ಅಂಗಿಗೆ ಇಸ್ತ್ರಿಯಾಗಿತ್ತು, ಹೆಗಲ ಮೇಲೆ ಟವೆಲ್ಲಿತ್ತು. ಗಾಡಿ ಮಾತ್ರ ಕದಲಲಿಲ್ಲ.

"ಅಂದಾನೆಪ್ಪಾರ, ಗಾಡಿ ಯಾಕ ಬಿಡವಲ್ರಿ?" ಪಕ್ಕದ ಕುರ್ಚಿಯಲ್ಲಿ ಕುಳಿತಿದ್ದ ಡಾ. ವಾರಿಜಾ ಹೊಂಬಳ ಕೇಳಿದರು.

"ಬಿಡು ಅಂತ ಯಾರೂ ಹೇಳವಲ್ರಲ್ರಿ ಬಾಯಾರ."

"ನಾನೂರಾ ಹನ್ನೆರಡು ಮಂದಿ ಕುಂತಾರಲ್ಲ!"

"ಕುಂತಾರ. ರೈಟ್ ಅನ್ನಾಂವ ಒಬ್ಬನೂ ಇಲ್ಲ."

ಆ ನಾನೂರ ಹನ್ನೆರಡು ಮಂದಿಯನ್ನು ಸೃಷ್ಟಿಸಿದವರು ವಾರಿಜಾ ಅವರೇ.

ಆ ಕಾಲದಲ್ಲಿ ಆಡುವವರಿಗೇನೂ ಬರವಿರಲಿಲ್ಲ, ಬರವಿದ್ದದ್ದು ನೋಡುವವರಿಗೆ. ಮನೆಗೊಬ್ಬರಂತೆ ಗಣಕದ ಮುಂದೆ ಕೂತು ಆಟವಾಡಿ, ಆಡಿದ್ದನ್ನು ಲೋಕಕ್ಕೆಲ್ಲ ಬಿತ್ತರಿಸುತ್ತಿದ್ದರು. ಎಲ್ಲರೂ ಪಲ್ಲಕ್ಕಿ ಏರಿದರೆ ಹೊರುವವರು ಯಾರು? ಬಿತ್ತರಿಸುವವರ ಪರದೆಯ ಮೂಲೆಯಲ್ಲಿ ದಿನವೂ ಅದೇ ಒಂದು ಸೊನ್ನೆ. ವಾರಿಜಾ ಹನ್ನೆರಡು ವರ್ಷ ಆ ಸೊನ್ನೆಯ ಮೇಲೆಯೇ ಸಂಶೋಧನೆ ನಡೆಸಿದ್ದರು. ಒಬ್ಬನೇ ಇರುವುದನ್ನು ಮನುಷ್ಯ ಹೇಗೋ ತಾಳಿಕೊಳ್ಳುತ್ತಾನೆ, ಆದರೆ ‘ನೀನು ಒಬ್ಬನೇ’ ಎಂದು ಅಂಕೆಯಲ್ಲಿ ಬರೆದು ದಿನವೂ ಮುಖಕ್ಕೆ ಹಿಡಿದರೆ ಕುಸಿಯುತ್ತಾನೆ ಎಂಬುದು ಅವರ ಸಿದ್ಧಾಂತ. ಅದಕ್ಕೆ ಅವರು ಕಂಡುಹಿಡಿದ ಮದ್ದು ‘ಸಭಾಪೂರಕ’. ಅದು ಕೃತಕ ಪ್ರೇಕ್ಷಕರನ್ನು ಹುಟ್ಟಿಸುವ ಯಂತ್ರಬುದ್ಧಿ. ಅದರೊಳಗಿನ ಪ್ರತಿ ಪ್ರೇಕ್ಷಕನಿಗೂ ಒಂದು ಹೆಸರು, ಒಂದು ಊರು, ಒಂದು ಸ್ವಭಾವ. ನಿನ್ನೆ ಆಡಿದ ಮಾತನ್ನು ಇಂದು ಆಡುವುದಿಲ್ಲ.

ಅದರ ಬಾಗಿಲಲ್ಲಿ ‘ಜರಡಿ’ ಎಂಬ ಇನ್ನೊಂದು ಅಂಗವಿತ್ತು. ಹೊರಗಿನ ಅಂತರಜಾಲದಲ್ಲಿ ಕಳ್ಳಯಂತ್ರಗಳು ಬೇಕಾದಷ್ಟು ಅಲೆಯುತ್ತವೆ. ಪ್ರೇಕ್ಷಕರ ವೇಷದಲ್ಲಿ ಒಳನುಗ್ಗಿ ಒಂದೇ ಮಾತನ್ನು ಒಂದೇ ಹೊತ್ತಿಗೆ ಬಡಬಡಿಸುತ್ತವೆ. ಅವುಗಳನ್ನು ಸೋಸಿ ಹೊರಹಾಕುವುದು ಜರಡಿಯ ಕೆಲಸ. ಮನುಷ್ಯರು ಹೊಸ ಮಾತು ಆಡುತ್ತಾರೆ, ಯಂತ್ರಗಳು ಆಡಿದ್ದನ್ನೇ ಆಡುತ್ತವೆ ಎಂಬ ಒಂದು ಸರಳ ನಿಯಮದ ಮೇಲೆ ಅದು ನಿಂತಿತ್ತು.

ಗದಗ–ಬೆಟಗೇರಿಯ ನಲವತ್ತು ಒಂಟಿ ಮನೆಗಳಲ್ಲಿ ಇದರ ಪ್ರಯೋಗ ನಡೆದಿತ್ತು. ಬೆಟಗೇರಿಯ ಅಂದಾನೆಪ್ಪನದು ಹದಿನೇಳನೆಯ ಮನೆ. ಇಪ್ಪತ್ತಾರು ವರ್ಷ ಸಾರಿಗೆ ಬಸ್ಸು ಓಡಿಸಿದವನು. ಚಾಲಕನಿಲ್ಲದ ಬಸ್ಸುಗಳು ಬಂದ ಮೇಲೆ ಎಂಟು ವರ್ಷದಿಂದ ಮನೆಯಲ್ಲಿದ್ದ. ಮಕ್ಕಳಿರಲಿಲ್ಲ. ಹೆಂಡತಿ ತೀರಿಕೊಂಡ ಮೇಲೆ ಮಾತಾಡಲು ಗೋಡೆಗಳಷ್ಟೇ ಉಳಿದಿದ್ದವು. ಆಗ ಕೈಹಿಡಿದದ್ದು ಈ ಬಸ್ಸಿನ ಆಟ. ಪಾಪನಾಶಿ, ಡಂಬಳ, ಮುಂಡರಗಿಯವರೆಗಿನ ರಸ್ತೆಯನ್ನು ಯಾರೋ ಪುಣ್ಯಾತ್ಮರು ತಗ್ಗುದಿನ್ನೆಯ ಸಮೇತ ಅದರಲ್ಲಿ ಮೂಡಿಸಿದ್ದರು.

ಎರಡೂವರೆ ತಿಂಗಳ ಹಿಂದೆ ವಾರಿಜಾ ಖುದ್ದಾಗಿ ಬಂದು ಅವನ ಗಣಕಕ್ಕೆ ‘ಪ್ರಸಾರಣಿ’ಯನ್ನು ಅಳವಡಿಸಿದ್ದರು. ಆಟದ ಚಿತ್ರ ಒಂದು ಎಳೆ, ಅವನ ಮುಖದ ಚಿತ್ರ ಇನ್ನೊಂದು, ದನಿ ಮೂರನೆಯದು. ಮೂರನ್ನೂ ಹೆಣೆದು ಒಂದೇ ಹರಿವಾಗಿ ಹೊರಗೆ ಕಳಿಸುವುದು, ಜೊತೆಗೇ ಅದರ ದಾಖಲೆಯೊಂದನ್ನು ಮನೆಯಲ್ಲಿ ಇಟ್ಟುಕೊಳ್ಳುವುದು ಅದರ ಕೆಲಸ. ಇಷ್ಟನ್ನು ವಿವರಿಸಿದಾಗ ಅಂದಾನೆಪ್ಪ, "ಅಂದ್ರ ನಮ್ಮ ಬೆಟಗೇರಿ ಮಗ್ಗ ಇದ್ದಂಗ ಅನ್ರಿ" ಎಂದಿದ್ದ. ಮೈಕು ಎಲ್ಲಿಡಬೇಕೆಂಬುದಕ್ಕೆ ಮಾತ್ರ ಅರ್ಧ ಗಂಟೆ ವಾದವಾಗಿತ್ತು. ಬಾಯಿಯ ಹತ್ತಿರ ಇಡಬೇಕೆಂದು ಅವರು, ಎಂಜಿನ್ನಿನ ಸದ್ದೇ ಮುಖ್ಯವೆಂದು ಇವನು. ಕೊನೆಗೆ ಎರಡಕ್ಕೂ ನಡುವೆ ಇಟ್ಟರು. ಪ್ರಸಾರಕ್ಕೊಂದು ಹೆಸರು ಬೇಕೆಂದಾಗ ಅವನು ತಡಮಾಡದೆ ಬರೆಸಿದ್ದ: ‘ಗದಗ–ಮುಂಡರಗಿ, ಮೂರೂಮುಕ್ಕಾಲು, ಚಾಲಕ ಅಂದಾನೆಪ್ಪ.’ ನಾಲ್ಕು ದಿನ ಬಿಟ್ಟು ಸಭಾಪೂರಕ ಜೋಡಿಸಲಾಯಿತು.

ಕೃತಕ ಜನವೆಂದು ಗೊತ್ತಿದ್ದೂ ಮೊದಲ ವಾರ ಅವನು ಹಿಗ್ಗಿದ್ದು ನಿಜ. ಆಮೇಲೆ ಬಸ್ಸು ತಡವಾಗತೊಡಗಿತು. ಮೂರೂಮುಕ್ಕಾಲರದು ನಾಲ್ಕಕ್ಕೆ ಬಿಟ್ಟಿತು, ನಾಲ್ಕರದು ಐದಕ್ಕೆ. ಈ ವಾರವಂತೂ ನಿಲ್ದಾಣದಿಂದ ಹೊರಟೇ ಇಲ್ಲ. ಪ್ರೇಕ್ಷಕರು ತುಂಬಿ ತುಳುಕುತ್ತಿದ್ದರೂ ಚಾಲಕ ಸೊರಗುತ್ತಿದ್ದಾನೆ ಎಂದು ವರದಿ ಹೇಳಿತು. ಅದಕ್ಕೇ ವಾರಿಜಾ ಇವತ್ತು ಬಂದಿದ್ದರು.

"ನೀವ ರೈಟ್ ಅಂದ್ಕೊಂಡು ಬಿಟ್ರಾತು" ಎಂದರು.

"ಡ್ರೈವರಗ ಹಿಂದಿನ ಬಾಗ್ಲಾ ಕಾಣಂಗಿಲ್ರಿ. ಯಾವ ಮುದುಕಿ ಕಾಲು ಮೆಟ್ಟಲ ಮ್ಯಾಲ ಐತಿ, ಯಾರ ಸೆರಗು ಬಾಗಲಾಗ ಸಿಕ್ಕೈತಿ, ಎಲ್ಲಾ ಕಂಡಕ್ಟರಗ ಗೊತ್ತು. ಅಂವ ರೈಟ್ ಅಂದ್ರನ ಗಾಡಿ. ಇಪ್ಪತ್ತೆರಡು ವರ್ಷ ದಾವಲಸಾಬನ ದನಿ ಕೇಳಿ ಬಿಟ್ಟಾಂವ ನಾ. ಈಗ ನನ್ನಷ್ಟಕ್ಕ ನಾ ರೈಟ್ ಅಂದ್ಕೊಂಡ್ರ ನಾಲಿಗಿ ಒಣಗತೈತಿ."

"ಹಂಗಾದ್ರ ಈ ನಾನೂರು ಮಂದ್ಯಾಗ ಒಬ್ಬಾಂವಗ ರೈಟ್ ಅನ್ನಾಕ ಕಲಸ್ತೀನಿ. ಎರಡ ನಿಮಿಷದ ಕೆಲಸ."

ಅಂದಾನೆಪ್ಪ ತಲೆ ಅಲ್ಲಾಡಿಸಿದ. "ಮೊದಲ ನಿಮ್ಮ ಯಂತ್ರಕ್ಕ ಬರತಿತ್ತಲ್ರಿ ಅದು? ಈ ಗೊಂಬಿ ಮಂದಿ ಬರೂಕಿನ ಮೊದಲ ನಾಕು ದಿನ ದಿನಾ ರೈಟ್ ಅಂತ ಬರೀತಿತ್ತು. ಎಷ್ಟ್ ಛಲೋ ಯಂತ್ರಪಾ, ಕಂಡಕ್ಟರನ್ನೂ ಇಟ್ಟೈತಿ ಅಂದ್ಕೊಂಡಿದ್ದೆ. ಮಂದಿ ಬಂತು, ಅದು ಹೋತು."

ವಾರಿಜಾ ಬರೆಯುತ್ತಿದ್ದ ಕೈ ನಿಲ್ಲಿಸಿದರು. ಪ್ರಸಾರಣಿಗೆ ಮಾತು ಬರೆಯುವ ಶಕ್ತಿಯೇ ಇರಲಿಲ್ಲ. ಅದು ತೋರಿಸುವ ಯಂತ್ರ, ಅಷ್ಟೇ.

ಮೊದಲ ನಾಲ್ಕು ದಿನದ ದಾಖಲೆ ತೆರೆದರು. ಮೂಲೆಯಲ್ಲಿ 1 ಎಂಬ ಅಂಕೆ. ಹೆಸರಿಲ್ಲದ ಪ್ರೇಕ್ಷಕ. ಬಸ್ಸಿನ ಬಾಗಿಲು ಮುಚ್ಚಿದ ಮರುಗಳಿಗೆ ‘ರೈಟ್’ ಎಂದು ಬರೆದಿತ್ತು. ಪಾಪನಾಶಿಯಲ್ಲಿ ಜನ ಹತ್ತಿಯಾದ ಮೇಲೆ ಮತ್ತೆ ‘ರೈಟ್’. ಡಂಬಳಕ್ಕೆ ಎರಡು ಮೈಲಿ ಇರುವಾಗ ರಸ್ತೆಯ ಎಡಕ್ಕೆ ಒಂದು ಬೇವಿನ ಮರ ಬಂತು. ಸುತ್ತ ಊರಿಲ್ಲ, ನಿಲುಗಡೆಯೂ ಇಲ್ಲ. ಅಲ್ಲಿ ಆ ಪ್ರೇಕ್ಷಕ ‘ಹೋಲ್ಡಾನ್’ ಎಂದು ಬರೆದಿತ್ತು. ದಾಖಲೆಯಲ್ಲಿನ ಅಂದಾನೆಪ್ಪ ರಸ್ತೆಯ ಮೇಲೆ ಕಣ್ಣಿಟ್ಟು ಮರವನ್ನು ದಾಟಿ ಹೋಗಿಬಿಟ್ಟ. ಗಾಡಿ ಓಡಿಸುವಾಗ ಅತ್ತಿತ್ತ ನೋಡಿ ಓದುವ ಚಾಳಿ ಅವನಿಗೆಲ್ಲಿಂದ ಬರಬೇಕು? ನಾಲ್ಕು ದಿನವೂ ಅದೇ ಮರ, ಅದೇ ಮಾತು. ನಾಲ್ಕು ದಿನವೂ ಬಸ್ಸು ನಿಲ್ಲಲಿಲ್ಲ.

ಅಂದಾನೆಪ್ಪ ಪರದೆಯ ಮೇಲಿನ ಆ ಮರಕ್ಕೆ ಬೆರಳಿಟ್ಟ. "ಅಲ್ಲೆ ಮಸರಿನ ಗಡಿಗಿ ಹೊತ್ತು ಒಬ್ಬಾಕಿ ಮುದುಕಿ ನಿಂತಿರ್ತಿದ್ಲು. ಸ್ಟಾಪ್ ಅಲ್ಲದಿದ್ರೂ ನಾವಿಬ್ರೂ ಸೇರಿ ನಿಂದರಸ್ತಿದ್ವಿ. ಯಾವ ಕಾಗದದಾಗೂ ಇಲ್ಲ ಅದು. ನನಗ ಗೊತ್ತು, ಅವಗ ಗೊತ್ತು." ವಾರಿಜಾ ಕಡೆ ತಿರುಗಿ ಹೇಳಿದ: "ಬಾಯಾರ, ಇದು ಯಂತ್ರ ಅಲ್ಲ. ದಾವಲಸಾಬ."

ವಾರಿಜಾ ಜರಡಿಯ ಲೆಕ್ಕ ತೆರೆದರು. ಅಲ್ಲಿತ್ತು: ‘ನಾಲ್ಕು ದಿನಗಳಲ್ಲಿ ಎರಡೇ ಪದ, ನಿಗದಿತ ಸಮಯ, ನಿಗದಿತ ಸ್ಥಳ. ತೀರ್ಮಾನ: ಯಂತ್ರ. ಹೊರಹಾಕಲಾಗಿದೆ.’ ದೇವರು ವರ ಕೊಟ್ಟರೂ ಪೂಜಾರಿ ಕೊಡಲಿಲ್ಲ. ಅದರ ಕೆಳಗಿನ ಸಾಲನ್ನು ಅವರು ಗಟ್ಟಿಯಾಗಿ ಓದಬಾರದಿತ್ತು, ಓದಿಬಿಟ್ಟರು. ಹೊರಹಾಕಿದ ಮೇಲೆ ಆ ಪ್ರೇಕ್ಷಕ ದಿನವೂ ಮೂರೂಮುಕ್ಕಾಲಕ್ಕೆ ಬಂದು ಬಾಗಿಲು ಬಡಿದಿದ್ದ. ಅರವತ್ತೊಂದು ಸಲ. ಒಂಬತ್ತು ದಿನದಿಂದ ಬಂದಿರಲಿಲ್ಲ.

"ಅರವತ್ತೊಂದು ದಿನ..." ಎಂದ ಅಂದಾನೆಪ್ಪ. "ನಾ ಒಳಗ ಕುಂತು ಈ ಗೊಂಬಿಗೋಳ ಜೋಡಿ ಬಣ್ಣದ ಮಾತಾಡಾಕತ್ತಿದ್ದೆ."

ವಾರಿಜಾ ಉಳಿದ ಮನೆಗಳ ಜರಡಿಯನ್ನೂ ತೆರೆದು ನೋಡಿದರು. ನಲವತ್ತು ಮನೆಗಳಿಂದ ಹೊರಬಿದ್ದವರು ನೂರಾರು. ಅವರಲ್ಲಿ ಕಳ್ಳಯಂತ್ರಗಳು ಎಷ್ಟೋ ಇದ್ದವು, ಸರಿ. ಆದರೆ ಮೂರನೆಯ ಮನೆಯ ಹುಡುಗಿಗೆ ದಿನವೂ ಮಧ್ಯಾಹ್ನ ಒಂದಕ್ಕೆ ‘ಊಟಾ ಆತೇನವಾ?’ ಎಂದು ಕೇಳುತ್ತಿದ್ದವರು ಯಾರು? ಇಪ್ಪತ್ತೆಂಟನೆಯ ಮನೆಯ ನಿವೃತ್ತ ಮಾಸ್ತರರಿಗೆ ದಿನವೂ ‘ನಮಸ್ಕಾರ ಸರ್’ ಎಂದಷ್ಟೇ ಬರೆದು ಹೋಗುತ್ತಿದ್ದವನು ಯಾರು?

"ಯಂತ್ರಗಳಷ್ಟ ಅಂದದ್ದ ಅಂತಾವ ಅಂದ್ಕೊಂಡಿದ್ದೆ" ಎಂದರು, ತಮಗೇ ಹೇಳಿಕೊಂಡಂತೆ.

"ನನ್ನ ಹೇಣ್ತಿ ಮೂವತ್ತು ವರ್ಷ, ನಾ ಬಾಗ್ಲಾಗ ಕಾಲಿಟ್ಟ ಕೂಡ್ಲೆ, ‘ಬಂದ್ರ್ಯಾ?’ ಅಂತಿದ್ಲು. ಕಣ್ಣಿಗಿ ಕಾಣತೈತಿ ಬಂದೀನಿ ಅಂತ, ಆದ್ರೂ ಕೇಳಾಕಿ. ಬೇಕಾದವ್ರ ಹತ್ರ ದಿನಾ ಹೊಸಾ ಮಾತು ಯಾರ ಆಡ್ತಾರ್ರಿ ಬಾಯಾರ?"

ವಾರಿಜಾ ಜರಡಿಯನ್ನು ತೆಗೆದುಹಾಕಿದರು. ಹೊರಗೆ ಬಿದ್ದವನಿಗೆ ‘ಬಾಗಿಲು ತೆರೆದಿದೆ’ ಎಂಬ ಸಂದೇಶ ಹೋಯಿತು. ಸಭಾಪೂರಕವನ್ನೂ ಆರಿಸಿದರು. 412 ಇದ್ದದ್ದು ಒಂದೇ ಏಟಿಗೆ 0 ಆಯಿತು. ಚಪ್ಪಾಳೆಯಿಲ್ಲ, ಹೊಗಳಿಕೆಯಿಲ್ಲ. ಎಂಜಿನ್ನಿನ ಸದ್ದೊಂದೇ ಉಳಿಯಿತು. ತಮ್ಮ ಹನ್ನೆರಡು ವರ್ಷದ ಶತ್ರುವನ್ನು ವಾರಿಜಾ ಕೈಯಾರೆ ಕರೆದು ಕೂರಿಸಿದಂತಾಯಿತು.

"ಬರ್ತಾನೇನ್ರಿ?" ಎಂದು ಕೇಳಿದರು.

"ಅವಗ ಸಿಟ್ಟೈತಿ." ಅಂದಾನೆಪ್ಪ ಸ್ಟೀರಿಂಗನ್ನು ಒರೆಸಿದ್ದನ್ನೇ ಒರೆಸಿದ. "ಬಸ್ಸಿಗೆ ಕಂಡಕ್ಟರ್ ಬ್ಯಾಡ, ಡ್ರೈವರ್ ಒಬ್ಬನ ಸಾಕು ಅಂತ ಮ್ಯಾಲಿನವ್ರು ಒಂದ್ ಕಾಗದಾ ತಂದಿದ್ರು. ‘ನನಗ ಒಪ್ಪಿಗಿ ಐತಿ’ ಅಂತ ಡ್ರೈವರಗೋಳು ಸಹಿ ಮಾಡಬೇಕು. ಕೆಲಸ ಹೋದೀತು ಅಂತ ಹೆದರಿ ನಾನೂ ಮಾಡಿದೆ. ಕಡೀ ದಿನಾ ಅಂವ ಮುಂಡರಗ್ಯಾಗ ಇಳದು ಹೋದ. ರೈಟ್ ಅನ್ನಲಿಲ್ಲ. ಖಾಲಿ ಗಾಡಿ ಅರ್ಧಾ ತಾಸು ಅಲ್ಲೇ ನಿಂತಿತ್ತು. ಎರಡು ವರ್ಷಕ್ಕ ನನ್ನ ಕೆಲಸಾನೂ ಹೋತು. ಆಮ್ಯಾಲ ಅವನ್ನ ಹುಡುಕೂ ಮಾರಿ ಎಲ್ಲೈತ್ರಿ ನನಗ?"

ನಾಲ್ಕೂಕಾಲಾಗಲು ಎರಡು ನಿಮಿಷವಿದ್ದಾಗ ಮೂಲೆಯ ಸೊನ್ನೆ 1 ಆಯಿತು.

ಏನನ್ನೂ ಬರೆಯಲಿಲ್ಲ ಅದು. ಬಂದು ಸುಮ್ಮನೆ ಕೂತಿತು. ಅಂದಾನೆಪ್ಪ ಬಾಯಿಗೂ ಎಂಜಿನ್ನಿಗೂ ನಡುವೆ ಇದ್ದ ಆ ಮೈಕನ್ನು ತನ್ನತ್ತ ಎಳೆದುಕೊಂಡ.

"ದಾವಲಸಾಬ, ಆ ಕಾಗದಕ್ಕ ನಾ ಸಹಿ ಮಾಡಬಾರದಿತ್ತೋ. ನೀ ಬೇವಿನ ಮರದ ಹತ್ರ ಹೋಲ್ಡಾನ್ ಅಂದದ್ದೂ ನಾ ನೋಡಲಿಲ್ಲ. ನೀ ಬರದದ್ದು ಯಂತ್ರ ಬರದದ್ದಂತ ತಿಳದೆ. ನನ್ನ ತಪ್ಪಾತು. ಗಾಡಿ ನಿಂತೈತಿ. ನೀ ರೈಟ್ ಅಂದ್ರ ಬಿಡ್ತೀನಿ, ಅನ್ನದಿದ್ರ ಬಿಡಂಗಿಲ್ಲ."

ಪರದೆಯ ಮೇಲೆ ಒಂದು ಪದ ಮೂಡಿತು.

‘ಹೋಲ್ಡಾನ್.’

ಅಂದಾನೆಪ್ಪನ ಕಾಲು ತಾನಾಗಿಯೇ ಬ್ರೇಕಿನ ಮೇಲೆ ಊರಿತು. ಇನ್ನೊಂದು ಸಾಲು ಬಂತು, ಅಕ್ಷರ ಹುಡುಕಿ ಹುಡುಕಿ ಒತ್ತಿದವರ ನಿಧಾನದಲ್ಲಿ: ‘ಕೊಪ್ಪಳದಾಗ ಮಗಳ ಮನ್ಯಾಗ ಅದೀನಿ. ನಾಕೂವರಿ ಬಸ್ಸಿಗೆ ಬರ್ತೀನಿ. ಮನಿ ಅದ ಐತಿಲ್ಲೋ?’

"ಅದ ಐತೋ, ಅದ ಮನಿ!" ಎಂದು ಅಂದಾನೆಪ್ಪ ಮೈಕು ಬೀಳುವಂತೆ ಕೂಗಿದ. ಕಣ್ಣಿಂದ ನೀರು ಇಳಿಯುತ್ತಿತ್ತು, ಒರೆಸಿಕೊಳ್ಳುವ ಗೊಡವೆಗೂ ಹೋಗಲಿಲ್ಲ.

‘ನಾ ಬರೂತನಕ ಗಾಡಿ ಬಿಡಬ್ಯಾಡ.’

ಅಷ್ಟು ಬರೆದು ಅವನು ಹೋದ. ಮೂಲೆಯ ಒಂದು ಮತ್ತೆ ಸೊನ್ನೆಯಾಯಿತು. ವಾರಿಜಾ ಅಭ್ಯಾಸಬಲದಿಂದ ಸಭಾಪೂರಕದ ಗುಂಡಿಯ ಕಡೆಗೆ ಕೈ ಚಾಚಿದರು.

"ಇರ್ಲಿ ಬಿಡ್ರಿ" ಎಂದ ಅಂದಾನೆಪ್ಪ, ಆ ಸೊನ್ನೆಯನ್ನೇ ನೋಡುತ್ತ. "ಬಸ್ ಸ್ಟ್ಯಾಂಡಿಗೆ ಹೊಂಟಿರಬೇಕು."

ವಾರಿಜಾ ಕೈ ಹಿಂದಕ್ಕೆ ತೆಗೆದುಕೊಂಡರು. ವರದಿಯ ಹಾಳೆಯಲ್ಲಿ ಪ್ರೇಕ್ಷಕರ ಸಂಖ್ಯೆ ಬರೆಯುವ ಜಾಗ ಖಾಲಿಯಿತ್ತು. ಅಲ್ಲಿ 0 ಎಂದು ಬರೆದು, ಮುಂದೇನು ಬರೆಯಬೇಕೆಂದು ತಿಳಿಯದೆ ಪೆನ್ನು ಮುಚ್ಚಿದರು.

"ಬಾಯಾರ, ತಪ್ಪು ತಿಳೀಬ್ಯಾಡ್ರಿ. ಆ ಕುರ್ಚಿ ಒಂದೀಟು ಬಿಡ್ರಿ."

ಅವರು ಎದ್ದು ಮಂಚದ ಅಂಚಿಗೆ ಹೋಗಿ ಕುಳಿತರು. ಅಂದಾನೆಪ್ಪ ಹೆಗಲ ಮೇಲಿನ ಟವೆಲ್ ತೆಗೆದು, ಒಮ್ಮೆ ಕೊಡವಿ, ಕುರ್ಚಿಯ ಮೇಲೆ ಹಾಕಿ ಸೀಟು ಹಿಡಿದ.